ಪ್ರೊಫೆಸರರು ಎಡಸುತ್ತು ಕಲಿತ ಭಾನುವಾರ

ಎಗೊನ್ ಪ್ರೊಹಾಸ್ಕಾನಿಗೆ ಪ್ರೊಫೆಸರ್ ಪಟ್ಟ ಸಿಕ್ಕಿದ್ದು ಕನ್ನಡಕದ ದೆಸೆಯಿಂದ. ಒಟ್ಟಾಕ್ರಿಂಗ್ ಪೇಟೆಯ ಆ ಕಾಫಿಮನೆಯಲ್ಲಿ ಮಾಣಿ ವೆಂಜಲ್ ಹೇಳಿದ್ದೇ ವಿಶ್ವವಿದ್ಯಾಲಯ. ಟೈ ಕಟ್ಟಿಕೊಂಡು ಬಂದವನು ಡಾಕ್ಟರ್, ದಪ್ಪ ಕನ್ನಡಕದವನು ಪ್ರೊಫೆಸರ್, ಎರಡೂ ಇಲ್ಲದೆ ಬರೀ ಹೊಟ್ಟೆ ಇದ್ದವನು ಡೈರೆಕ್ಟರ್. ಎಗೊನ್ ಮೂವತ್ತೈದು ವರ್ಷ ಕಂಡಕಂಡವರ ನೆಲಮಾಳಿಗೆಗೆ ಇಳಿದು ನೀರಿನ ಮೀಟರ್ ಓದಿ ನಿವೃತ್ತನಾದವನು. ಮೊದಲ ದಿನವೇ ನಿಜ ಹೇಳಿಬಿಡಬೇಕೆಂದು ಬಾಯಿ ತೆರೆದಿದ್ದ. ಆದರೆ ವಿಯೆನ್ನಾದಲ್ಲಿ ಮಾಣಿ ಕೊಟ್ಟ ಬಿರುದನ್ನು ಬೇಡವೆನ್ನುವುದು ಅವನು ತಂದ ಕಾಫಿಯನ್ನು ಉಗಿದಷ್ಟೇ ದೊಡ್ಡ ಅವಮಾನ. ತೆರೆದ ಬಾಯಿಗೆ ಒಂದು ಗುಟುಕು ಕಾಫಿ ಹಾಕಿಕೊಂಡು ಸುಮ್ಮನಾದ. ನಾಲ್ಕು ವರ್ಷ ಕಳೆಯುವುದರೊಳಗೆ ಇಡೀ ಬೀದಿಗೆ ಅವನು ಪ್ರೊಫೆಸರನೇ ಆಗಿಹೋದ.

ಯಾವ ವಿಷಯದ ಪ್ರೊಫೆಸರ್ ಎಂಬುದನ್ನು ಬೀದಿಯವರು ಅವನ ಕಂಕುಳಿನ ಪುಸ್ತಕ ನೋಡಿ ನಿರ್ಧರಿಸಿದರು. ಹಳೇ ಪುಸ್ತಕದಂಗಡಿಗಳಿಂದ ಅವನು ಹೆಕ್ಕಿ ತರುತ್ತಿದ್ದದ್ದು ಎರಡೇ ಬಗೆ. ಒಂದು, ನೃತ್ಯದ ಚರಿತ್ರೆಗಳು. ಇನ್ನೊಂದು, ಅಜ್ಜನ ಕಾಲದ ಪರದೇಶಿ ಯಾತ್ರಿಕರಿಗಾಗಿ ಬರೆದ ವಿಯೆನ್ನಾದ ಪ್ರವಾಸ ಕೈಪಿಡಿಗಳು. ಹುಟ್ಟಿದ ಊರಿನಲ್ಲೇ ಅವನು ಕೈಪಿಡಿ ಹಿಡಿದು ಅಲೆಯುತ್ತಿದ್ದ. ಬಲಕ್ಕೆ ತಿರುಗಿದರೆ ಸಾವಿರ ಜನ ಕುಣಿಯುವ ಸಭಾಂಗಣ ಸಿಗುತ್ತದೆಂದು ಪುಸ್ತಕ ಹೇಳುತ್ತಿತ್ತು. ತಿರುಗಿದರೆ ಚಪ್ಪಲಿ ಅಂಗಡಿ ಇರುತ್ತಿತ್ತು. ಆ ಅಂಗಡಿಯ ಮುಂದೆ ಅರ್ಧ ಗಂಟೆ ನಿಂತು, ಎಂದೋ ನಿಂತುಹೋದ ಪಿಟೀಲುಗಳನ್ನು ಕೇಳಿಸಿಕೊಂಡು ಮನೆಗೆ ಬರುತ್ತಿದ್ದ. ಇಷ್ಟೆಲ್ಲ ಓದಿದವನು ಜನ್ಮದಲ್ಲಿ ಒಂದು ಹೆಜ್ಜೆ ಕುಣಿದವನಲ್ಲ.

ಇನ್ನು ಒಟ್ಟೀಲಿಯೆ ಕ್ರಾಲ್ ಅವರ ವಿಷಯ. ಕೈಗವಸು ಹೊಲಿದು ಬಾಳಿದ ವಿಧವೆ, ವಾರಕ್ಕೆ ಮೂರು ಬೆಳಿಗ್ಗೆ ಎಗೊನ್‌ನ ಪಕ್ಕದ ಮೇಜಿಗೆ ಬಂದು ಕೂರುವವರು. ಅವರು ಬರುವ ಹೊತ್ತಿಗೆ ಇವನು ಮೊದಲೇ ಕಾಫಿ ಹೀರುತ್ತಿರುತ್ತಿದ್ದ, ಅವರು ಎದ್ದು ಹೋದ ಮೇಲೂ ಕೂತಿರುತ್ತಿದ್ದ. ಅವರು "ಇವತ್ತು ಯಾವ ಸಭಾಂಗಣ?" ಎಂದು ಕೇಳಿದರೆ ಇವನು ಗಂಟಲು ಸರಿಮಾಡಿಕೊಂಡು ಶುರುಮಾಡುತ್ತಿದ್ದ. ಮೂರು ಹಂಸಗಳ ಸಭಾಂಗಣದಲ್ಲಿ ನಾನೂರು ಮೇಣದ ಬತ್ತಿಗಳಿದ್ದದ್ದು, ಮೇಣ ತೊಟ್ಟಿಕ್ಕದಿರಲೆಂದು ಹೆಂಗಸರು ಕೊಡೆ ಹಿಡಿದು ಕುಣಿದದ್ದು, ಇಸವಿ ತಾರೀಖು ಸಮೇತ. ಆಕೆ ಗಲ್ಲಕ್ಕೆ ಕೈಕೊಟ್ಟು ಕೇಳುತ್ತಿದ್ದರು. ಹೋಗುವಾಗ ತಲೆಯಾಡಿಸುತ್ತಿದ್ದರು, ಅಷ್ಟೇ. ಎಗೊನ್ ಆಕೆಯನ್ನು ಪ್ರೀತಿಸುತ್ತಿದ್ದ. ಅರವತ್ತೊಂದನೆಯ ವಯಸ್ಸಿನಲ್ಲಿ ಇದನ್ನು ಸುತ್ತಿ ಬಳಸಿ ಹೇಳಲು ಯಾರಿಗೆ ಪುರುಸೊತ್ತಿದೆ? ಆದರೆ ಅವನು ಸುತ್ತಿ ಬಳಸಿಯೂ ಹೇಳಿರಲಿಲ್ಲ. ಆಕೆ ಬರದ ದಿನಗಳಲ್ಲಿ ಖಾಲಿ ಕುರ್ಚಿಯನ್ನು ನೋಡುತ್ತ ಒಂದೇ ಪುಟವನ್ನು ಐದು ಸಲ ಓದುತ್ತಿದ್ದ.

ಫಾಶಿಂಗ್ ಹಬ್ಬದ ಕಾಲದ ಒಂದು ಭಾನುವಾರ, ಊರಿಗೆ ಊರೇ ನೃತ್ಯಕೂಟಗಳಲ್ಲಿ ಸುತ್ತುತ್ತಿದ್ದ ದಿನಗಳಲ್ಲಿ, ಆಕೆ ಬೆಳಿಗ್ಗೆ ಒಂಬತ್ತಕ್ಕೇ ಬಂದರು. ಕೂರಲಿಲ್ಲ. ಎಗೊನ್‌ನ ತಟ್ಟೆಯ ಪಕ್ಕ ಒಂದು ಟಿಕೇಟು ಇಟ್ಟರು.

"ಇವತ್ತು ನಾಲ್ಕಕ್ಕೆ ನಮ್ಮ ಸಂಘದ ಚಹಾ ನೃತ್ಯ. ನೀವು ನನ್ನ ಜೊತೆಗಿದ್ರೆ ಚೆನ್ನಾಗಿರುತ್ತೆ ಅನ್ನಿಸ್ತು. ಬರ್ತೀರಾ?"

ಬರುತ್ತೇನೆಂದು ಅವನ ತಲೆ ತಾನಾಗಿಯೇ ಆಡಿತು. ಆಕೆ ಹೋದ ಮೇಲೆ ಅದೇ ತಲೆಯನ್ನು ಎರಡೂ ಕೈಯಲ್ಲಿ ಹಿಡಿದುಕೊಂಡು ಕೂತ. ನಾಲ್ಕು ವರ್ಷ ಕಾದು ಬಂದ ಭಾಗ್ಯ, ಬಂದದ್ದು ಹೀಗೆ. ಚಹಾ ನೃತ್ಯವೆಂದರೆ ಜೋಡಿಯಾಗಿ ಸುತ್ತುವ ವಾಲ್ಟ್ಸ್ ಕುಣಿತ. ಕೈಗವಸಿನವರ ಸಂಘವೆಂದರೆ ಎಡಕ್ಕೆ ಸುತ್ತುವ ವಾಲ್ಟ್ಸ್, ಬಲಕ್ಕೆ ಸುತ್ತುವುದನ್ನು ಅವರು ಪ್ರವಾಸಿಗಳಿಗೆ ಬಿಟ್ಟಿದ್ದರು. ಆ ಎಡಸುತ್ತಿನ ಬಗ್ಗೆ ಎಗೊನ್ ಏಳು ಪುಸ್ತಕ ಓದಿದ್ದ. ಏಳರಲ್ಲೂ ಇದ್ದದ್ದು ಒಂದೇ ಮಾತು, ಚಿಕ್ಕಂದಿನಿಂದ ಕಲಿಯದವನಿಗೆ ಇದು ಬರುವುದಿಲ್ಲ ಅಂತ.

ಅವನು ವೆಂಜಲ್‌ನನ್ನು ಹತ್ತಿರ ಕರೆದು, ಪಿಸುದನಿಯಲ್ಲಿ, ತನಗೆ ಕುಣಿಯಲು ಬಾರದೆಂಬ ಗುಟ್ಟನ್ನು ಹೇಳಿದ. ವೆಂಜಲ್ ಮರುಕದಿಂದ ಅವನ ಭುಜ ತಟ್ಟಿ, ಈ ಮಾತು ನನ್ನ ಹೊಟ್ಟೆಯಲ್ಲೇ ಇರುತ್ತದೆಂದು ಆಣೆಯಿಟ್ಟ. ಎಗೊನ್ ರಸ್ತೆ ದಾಟಿ ತನ್ನ ಕಟ್ಟಡದ ಬಾಗಿಲಿಗೆ ಬರುವಷ್ಟರಲ್ಲಿ, ಕಟ್ಟಡ ನೋಡಿಕೊಳ್ಳುವ ಬ್ಲಾಹಾ ಹೆಂಗಸು ಸೊಂಟಕ್ಕೆ ಸೆರಗಿನಂತೆ ಒರಸುಬಟ್ಟೆ ಸಿಕ್ಕಿಸಿಕೊಂಡು ನಿಂತಿದ್ದಳು. ಅವಳ ಹಿಂದೆ ಕೆಳಮನೆಯ ಕಸಾಯಿ ಜಿಂಡ್ಲರ್.

"ನಮ್ಮ ಕಟ್ಟಡದವರು ಯಾರೂ ಇದುವರೆಗೆ ಹೊರಗೆ ಮರ್ಯಾದೆ ಕಳ್ಕೊಂಡಿಲ್ಲ, ಪ್ರೊಫೆಸರೇ," ಎಂದಳು ಬ್ಲಾಹಾ. "ಅಂಗಳಕ್ಕೆ ನಡೀರಿ. ಪುಸ್ತಕ ತನ್ನಿ."

ಪುಸ್ತಕ ಬಂತು. ಅದರ ನೂರ ಹನ್ನೆರಡನೆಯ ಪುಟದಲ್ಲಿ ಎಡಸುತ್ತಿನ ಪಾದಗಳ ಚಿತ್ರವಿತ್ತು. ಬ್ಲಾಹಾ ಕಸದ ಡಬ್ಬಿಗಳನ್ನು ಒತ್ತರಿಸಿ, ಅಂಗಳದ ಕಲ್ಲುಹಾಸಿನ ಮೇಲೆ ಸೀಮೆಸುಣ್ಣದಲ್ಲಿ ಆ ಪಾದಗಳನ್ನು ಬರೆದಳು. ಜಿಂಡ್ಲರ್ ಜೋಡಿಯಾದ. ಹಂದಿಯ ಕಾಲು ಎತ್ತಿ ಅಭ್ಯಾಸವಾದ ಕೈ, ಎಗೊನ್‌ನ ಬೆನ್ನಿಗೆ ಬಿದ್ದರೆ ಕನ್ನಡಕ ಮೂಗಿನ ತುದಿಗೆ ಬರುತ್ತಿತ್ತು. ಒಂದು ಎರಡು ಮೂರು ಎಂದು ಬ್ಲಾಹಾ ಬಕೆಟ್ಟು ಬಡಿದಳು. ಮಹಡಿಗಳ ಕಿಟಕಿಗಳು ಒಂದೊಂದಾಗಿ ತೆರೆದುಕೊಂಡವು. ಭಾನುವಾರದ ಪ್ರಾರ್ಥನೆ ಮುಗಿಸಿ ಬಂದವರೆಲ್ಲ ದಿಂಬಿನ ಮೇಲೆ ಮೊಣಕೈ ಊರಿ, ಮೇಲಿನಿಂದಲೇ ಸಲಹೆ ಕೊಡತೊಡಗಿದರು. ಒಬ್ಬರು ಮಂಡಿ ಬಗ್ಗಿಸು ಎಂದರು, ಇನ್ನೊಬ್ಬರು ಬಗ್ಗಿಸಲೇಬೇಡ ಎಂದರು. ಮೂರನೇ ಮಹಡಿಯ ಮುದುಕಿಯಂತೂ ಯಾರದೋ ಶವಯಾತ್ರೆಯಲ್ಲೂ ಇದಕ್ಕಿಂತ ಚುರುಕಾದ ನಡಿಗೆ ನೋಡಿದ್ದೇನೆ ಎಂದಳು.

ಎಗೊನ್ ಹಲ್ಲು ಕಚ್ಚಿ ಸುತ್ತಿದ. ತಲೆ ತಿರುಗಿ ಎರಡು ಸಲ ಕಸದ ಡಬ್ಬಿಯ ಮೇಲೆ ಬಿದ್ದ, ಎದ್ದು ಮತ್ತೆ ಸುತ್ತಿದ. ಬಿದ್ದಾಗಲೆಲ್ಲ ಕಣ್ಣಮುಂದೆ ಬರುತ್ತಿದ್ದದ್ದು ಒಂದೇ ಚಿತ್ರ, ಆಕೆಯ ಕೈ ತನ್ನ ಭುಜದ ಮೇಲೆ. ಅದಕ್ಕಾಗಿ ಅವನು ಆ ದಿನ ಡಾನ್ಯೂಬಿನ ಮೇಲೂ ಕುಣಿಯುತ್ತಿದ್ದ. ಮಧ್ಯಾಹ್ನ ಒಂದರ ಹೊತ್ತಿಗೆ ಹೆಜ್ಜೆ ಕೂತಿತು. ಕಿಟಕಿಗಳಿಂದ ಚಪ್ಪಾಳೆ ಬಿತ್ತು. ಆಗ ಕಾಫಿಮನೆಯ ಬಿಡುವಿನಲ್ಲಿ ಬಂದ ವೆಂಜಲ್ ಪುಸ್ತಕ ಎತ್ತಿಕೊಂಡು, ಚಿತ್ರದ ಕೆಳಗಿನ ಸಣ್ಣ ಅಕ್ಷರ ಓದಿ ಕೆಮ್ಮಿದ. ಅದು ಹೆಂಗಸಿನ ಹೆಜ್ಜೆಯ ಚಿತ್ರ. ಗಂಡಸಿನದು ಹಿಂದಿನ ಪುಟದಲ್ಲಿತ್ತು.

ಎಗೊನ್ ಕಸದ ಡಬ್ಬಿಯ ಮೇಲೆ ತಾನಾಗಿಯೇ ಕೂತುಬಿಟ್ಟ. ಅಳು ಬಂತು ಅಂದರೂ ತಪ್ಪಿಲ್ಲ. ಆದರೆ ಬ್ಲಾಹಾ ಎರಡೂ ಪುಟಗಳನ್ನು ಹಿಂದೆ ಮುಂದೆ ತಿರುವಿ, ಹೆಂಗಸಿನ ಹೆಜ್ಜೆಯನ್ನು ಮೂರು ಎಣಿಕೆ ತಡವಾಗಿ ಹಿಡಿದರೆ ಅದೇ ಗಂಡಸಿನ ಹೆಜ್ಜೆ ಎಂಬುದನ್ನು ಕಂಡುಹಿಡಿದಳು. ಮದುವೆಯಲ್ಲೂ ಹಾಗೇ, ಹೆಂಗಸು ಈಗ ಮಾಡಿದ್ದನ್ನು ಗಂಡಸು ಆಮೇಲೆ ಮಾಡುತ್ತಾನೆ ಎಂದು ವಿವರಣೆಯನ್ನೂ ಕೊಟ್ಟಳು. ಮತ್ತೆ ಬಕೆಟ್ಟು ಬಡಿಯಿತು. ಮೂರು ಗಂಟೆಗೆ ಎಗೊನ್ ಪ್ರೊಹಾಸ್ಕಾ ಯಾರ ಮೇಲೂ ಬೀಳದೆ, ಯಾರ ಕಾಲನ್ನೂ ತುಳಿಯದೆ, ಎಡಕ್ಕೆ ಸುತ್ತುತ್ತಿದ್ದ.

ಜಿಂಡ್ಲರ್ ತನ್ನ ಮದುವೆಯ ಕರಿಕೋಟು ಕೊಟ್ಟ, ಅದರೊಳಗೆ ಇನ್ನೊಬ್ಬ ಎಗೊನ್‌ಗೆ ಜಾಗವಿತ್ತು. ಬ್ಲಾಹಾ ತೀರಿಹೋದ ಗಂಡನ ನೃತ್ಯದ ಬೂಟು ತಂದಳು, ಅದರಲ್ಲಿ ಇದ್ದ ಎಗೊನ್‌ಗೇ ಜಾಗವಿರಲಿಲ್ಲ. ಬಲ ಬರಲೆಂದು ಯಾರೋ ಬಾಯಿಗೆ ತುರುಕಿದ ಕ್ರಾಪ್ಫನ್ ಬೋಂಡಾದಿಂದ ಜರ್ದಾಳು ಜಾಮ್ ಚಿಮ್ಮಿ ಅಂಗಿಯ ಎದೆಗೆ ಬಿತ್ತು. ಅದನ್ನು ಮುಚ್ಚಲು ಕೋಟಿನ ಗುಂಡಿಗಳನ್ನೆಲ್ಲ ಹಾಕಿ ಟ್ರಾಮ್ ಹತ್ತಿದ. ಅವನ ಹಿಂದೆ ಬ್ಲಾಹಾ, ಜಿಂಡ್ಲರ್, ಮಧ್ಯಾಹ್ನದ ರಜೆ ಹಾಕಿದ ವೆಂಜಲ್, ಎಲ್ಲರೂ ಹತ್ತಿದರು. ಬೆಳೆಸಿದ ಮೇಲೆ ಫಲ ನೋಡದೆ ಬಿಡುತ್ತಾರೆಯೇ?

ಸಭಾಂಗಣದಲ್ಲಿ ಚಹಾದ ಹಬೆ, ಪಿಟೀಲು, ನಾಫ್ಥಾಲಿನ್ ಗುಳಿಗೆಯ ವಾಸನೆ. ಒಟ್ಟೀಲಿಯೆ ಮೂಲೆಯ ಪುಟ್ಟ ಮೇಜಿನಲ್ಲಿ ಬೂದು ರೇಷ್ಮೆಯುಟ್ಟು ಕೂತಿದ್ದರು. ಪಕ್ಕದ ಕುರ್ಚಿ ಖಾಲಿಯಿತ್ತು. ಎಗೊನ್ ಅತ್ತ ಎರಡು ಹೆಜ್ಜೆ ಇಟ್ಟಿರಲಿಲ್ಲ, ಬ್ಲಾಹಾ ಅವನ ತೋಳು ಹಿಡಿದೆಳೆದಳು. ಆಕೆಯ ಕಾಲು ತುಳಿಯೋದಕ್ಕೆ ಮೊದಲು ನನ್ನದನ್ನು ತುಳಿದು ನೋಡಿ ಎಂಬುದು ಅವಳ ವಾದ. ಪಿಟೀಲುಗಳು ಎಡಸುತ್ತಿಗೆ ತಿರುಗಿದವು.

ಆಮೇಲೆ ಆದದ್ದನ್ನು ಎಗೊನ್ ಸಾಯುವವರೆಗೂ ಮರೆಯಲಾರ. ಕಾಲುಗಳು ಅವನನ್ನು ಕೇಳಲೇ ಇಲ್ಲ. ನಡುವಿನ ನೆಲ ನುಣ್ಣಗೆ ಜಾರಿತು, ದೀಪಗಳು ಒಂದು ಗೆರೆಯಾದವು, ಐವತ್ತು ಪುಸ್ತಕಗಳಲ್ಲಿ ಓದಿ ಓದಿ ಕೊರಗಿದ್ದೆಲ್ಲ ಆ ಮೂರು ಎಣಿಕೆಯೊಳಗೆ ಇತ್ತು. ನಾನು ಇಷ್ಟು ದಿನ ಎಲ್ಲಿದ್ದೆ ಎಂದುಕೊಂಡ. ನಿಂತಾಗ ಸುತ್ತಲಿನವರು ಜಾಗ ಬಿಟ್ಟು ಚಪ್ಪಾಳೆ ತಟ್ಟುತ್ತಿದ್ದರು. ಏದುಸಿರು ಬಿಡುತ್ತ ನೇರ ಮೂಲೆಯ ಮೇಜಿಗೆ ಹೋಗಿ, ಬಾಗಿ, ಕೈ ಚಾಚಿದ.

ಒಟ್ಟೀಲಿಯೆ ಆ ಕೈಯನ್ನು ನೋಡಿದರು.

"ನೀವು ಕುಣೀತೀರಾ," ಎಂದರು. "ಇಷ್ಟು ಚೆನ್ನಾಗಿ. ನನಗೆ ಗೊತ್ತೇ ಇರಲಿಲ್ಲ."

"ನಿಮಗೋಸ್ಕರ," ಎಂದ ಎಗೊನ್. ನಾಲ್ಕು ವರ್ಷದಲ್ಲಿ ಅವನು ಆಡಿದ ಧೈರ್ಯದ ಮಾತು ಅದೊಂದೇ.

ಆಕೆ ಮೇಜಿನ ಕೆಳಗಿಂದ ಊರುಗೋಲು ಎತ್ತಿ ತೋರಿಸಿದರು. ಬೀದಿಯಲ್ಲಿ ಅದನ್ನು ಯಾವಾಗಲೂ ಕೊಡೆಯೆಂಬಂತೆ ಹಿಡಿಯುತ್ತಿದ್ದರು. "ಸೊಂಟ ಹೋಗಿ ಆರು ವರ್ಷ ಆಯ್ತು. ಇದೇ ನೆಲದ ಮೇಲೆ ನಾನು ಕುಣಿಯದ ಭಾನುವಾರ ಇರಲಿಲ್ಲ. ಈಗ ಬಂದು ಒಬ್ಬಳೇ ಕೂತ್ಕೊಂಡು ನೋಡೋದು ಎಷ್ಟು ಕಷ್ಟ ಅಂತೀರಿ. ಪಕ್ಕದಲ್ಲಿ ಒಬ್ಬರು ಇರಬೇಕು, ಕುಣಿಯೋಕೆ ಬಾರದವರು, ಆದರೆ ಕುಣಿತ ಅಂದ್ರೆ ಪ್ರಾಣ ಬಿಡೋರು. ಯಾವಾಗ್ಲೂ ಪುಸ್ತಕದ ಕುಣಿತವನ್ನೇ ಹೇಳೋ ನೀವೊಬ್ರೇ ಅಂಥವರು ಅಂತ ಅಂದ್ಕೊಂಡಿದ್ದೆ."

ಎಗೊನ್‌ನ ಕೈ ಗಾಳಿಯಲ್ಲೇ ಉಳಿಯಿತು. ನಾನು ಅಂಥವನೇ, ನನಗೆ ಕುಣಿಯಲು ಬರುವುದಿಲ್ಲ, ಇದನ್ನು ಇವತ್ತು ಬೆಳಿಗ್ಗೆ ಕಸದ ಡಬ್ಬಿಗಳ ನಡುವೆ ಕಲಿತದ್ದು, ಈಗಲೇ ಕೂರುತ್ತೇನೆ, ಇನ್ನು ಏಳುವುದೇ ಇಲ್ಲ ಎಂದು ಒಂದೇ ಉಸಿರಿಗೆ ಹೇಳಿದ. ಆಕೆ ನಕ್ಕರು, ಆದರೆ ಆ ನಗೆಯಲ್ಲಿ ನಗೆಯಿರಲಿಲ್ಲ.

"ಎಡಸುತ್ತನ್ನ ಒಂದು ಬೆಳಿಗ್ಗೇಲಿ ಯಾರೂ ಕಲಿಯೋದಿಲ್ಲ. ನನಗೆ ಹನ್ನೊಂದು ವರ್ಷ ಬೇಕಾಯ್ತು. ನನ್ನ ಮೇಲಿನ ಕನಿಕರಕ್ಕೆ ಸುಳ್ಳು ಹೇಳ್ಬೇಡಿ. ಇಷ್ಟು ಚೆಂದ ಕುಣಿಯೋ ಕಾಲನ್ನ ನನ್ನ ಮೇಜಿಗೆ ಕಟ್ಟಿಹಾಕಿದ್ರೆ ನನಗೆ ಪಾಪ ಸುತ್ತಿಕೊಳ್ಳುತ್ತೆ."

ಎಗೊನ್ ಹಿಂದಕ್ಕೆ ತಿರುಗಿ ತನ್ನವರನ್ನು ಸಾಕ್ಷಿಗೆ ಕರೆದ. ಬೆಳಗಿನ ಅಂಗಳ, ಬಕೆಟ್ಟು, ಸೀಮೆಸುಣ್ಣದ ಪಾದ, ಎಲ್ಲ ಹೇಳಿ ಎಂದು ಗೋಗರೆದ. ಮೂವರೂ ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಇಂಥ ಹೆಂಗಸಿನೆದುರು ನಮ್ಮ ಮನುಷ್ಯನ ಮಾನ ಹೋಗಬಾರದೆಂದು ಮೂವರ ಮನಸ್ಸಿನಲ್ಲೂ ಒಟ್ಟಿಗೇ ಮೂಡಿತು.

"ಇವರು ಬಹಳ ವಿನಯವಂತರು, ಅಮ್ಮಾ," ಎಂದ ವೆಂಜಲ್. "ಸುಮ್ಮಸುಮ್ಮನೆ ಯಾರನ್ನಾದ್ರೂ ಪ್ರೊಫೆಸರ್ ಅಂತ ಕರೀತೀವಾ?"

ಮೂವತ್ತು ವರ್ಷದ ಅನುಭವ ಎಂದು ಜಿಂಡ್ಲರ್ ಸೇರಿಸಿದ. ತನ್ನ ಗಂಡನಿಗೂ ಕಲಿಸಿದ್ದು ಇವರೇ ಎಂದು ಬ್ಲಾಹಾ ಸತ್ತವನನ್ನೂ ಎಳೆದು ತಂದಳು.

ಅಷ್ಟರಲ್ಲಿ ವೇದಿಕೆಯಿಂದ ಹೆಂಗಸರ ಆಯ್ಕೆಯ ಘೋಷಣೆಯಾಯಿತು. ಆ ಕರೆ ಬಂದ ಮೇಲೆ ಯಾವ ಹೆಂಗಸು ಬಂದು ಕೇಳಿದರೂ ಗಂಡಸು ಇಲ್ಲ ಎನ್ನುವಂತಿಲ್ಲ, ಜ್ವರವಿದ್ದರೂ ಇಲ್ಲ. ಕೈಗವಸಿನವರ ಸಂಘದಲ್ಲಿ ಒಟ್ಟೀಲಿಯೆ ಅವರನ್ನು ಬಿಟ್ಟರೆ ವಿಧವೆಯರು ಹದಿನಾಲ್ಕು ಜನ, ಎಡಸುತ್ತು ಬಲ್ಲ ಒಂಟಿ ಗಂಡಸು ಆ ದಿನ ಒಬ್ಬನೇ. ಹದಿನಾಲ್ಕೂ ಜನ ಎದ್ದರು. ಮೊದಲನೆಯವಳ ಬೆಳ್ಳಗಿನ ಕೈಗವಸು ಅವನ ತೋಳಿಗೆ ಬೀಳುವಾಗ ಎಗೊನ್ ಒಟ್ಟೀಲಿಯೆ ಅವರತ್ತ ನೋಡಿದ. ಹೋಗಿ ಎಂಬಂತೆ ಆಕೆ ತಲೆಯಾಡಿಸಿದರು, ಕಾಫಿಮನೆಯಲ್ಲಿ ಆಡಿಸುತ್ತಿದ್ದ ಹಾಗೆಯೇ.

ವೆಂಜಲ್‌ಗೆ ಮೂವತ್ತು ವರ್ಷ ತಟ್ಟೆ ಹೊತ್ತು ನಡೆದ ಕಾಲುಗಳು ಊದಿದ್ದವು. ಇಲ್ಲಿ ಒಂದು ನಿಮಿಷ ಕೂರಬಹುದೇ ಎಂದು ಆಕೆಯನ್ನು ಕೇಳಿದ. ನೀವು ಕುಣಿಯೋದಿಲ್ಲವೇ ಎಂದರು ಆಕೆ. ಈ ಜನ್ಮಕ್ಕಿಲ್ಲ ಎಂದ ಅವನು, ಖಾಲಿ ಕುರ್ಚಿಯಲ್ಲಿ ಕೂತ.

ಎಗೊನ್ ಸುತ್ತತೊಡಗಿದ. ವಾಲ್ಟ್ಸ್ ಅವನನ್ನು ಸಭಾಂಗಣದ ಸುತ್ತ ಒಯ್ದು, ಪ್ರತಿ ಸುತ್ತಿಗೆ ಒಂದು ಸಲ ಆ ಮೂಲೆಯ ಮೇಜಿನ ಪಕ್ಕ ತಂದು, ಮತ್ತೆ ಒಯ್ಯುತ್ತಿತ್ತು. ಮೊದಲ ಸಲ ಬಂದಾಗ ವೆಂಜಲ್, "ಇಲ್ಲೇ ಹತ್ತಿರ ಮೂರು ಹಂಸ ಅಂತ ಒಂದು ಸಭಾಂಗಣ ಇತ್ತಂತೆ..." ಎನ್ನುತ್ತಿದ್ದ. ಆಮೇಲೆ ಇನ್ನೊಂದು ಸಲ ಬಂದಾಗ ಮೇಣದ ಬತ್ತಿಗಳು ನಾಲ್ಕು ಸಾವಿರ ಆಗಿದ್ದವು. ನಾನೂರು, ಎಂದು ಎಗೊನ್ ಕೂಗಿದ, ಅಷ್ಟರಲ್ಲಿ ಐದನೆಯ ವಿಧವೆ ಅವನನ್ನು ಕಂಬದಾಚೆಗೆ ತಿರುಗಿಸಿದ್ದಳು. ಮುಂದಿನ ಸಲ ಇಸವಿ ತಪ್ಪಿತ್ತು, ಬೀದಿ ತಪ್ಪಿತ್ತು, ಕೊಡೆ ಹಿಡಿದವರು ಹೆಂಗಸರಲ್ಲ, ಬೋಳುತಲೆಯ ಒಬ್ಬ ಡ್ಯೂಕ್ ಆಗಿದ್ದ, ಮೇಣ ಬಿದ್ದು ಬಿದ್ದು ಅವನ ತಲೆಯ ಮೇಲೆ ಬತ್ತಿಯೇ ನಿಂತಿತ್ತು. ಪುಸ್ತಕದಲ್ಲಿ ಎಲ್ಲೂ ಇಲ್ಲದ ಡ್ಯೂಕ್.

ಒಟ್ಟೀಲಿಯೆ ಬಿದ್ದು ಬಿದ್ದು ನಗುತ್ತಿದ್ದರು. ಕಣ್ಣೊರೆಸಿಕೊಳ್ಳಲು ಕರವಸ್ತ್ರ ಸಿಗದೆ, ವೆಂಜಲ್ ಕೊಟ್ಟ ಮಾಣಿಯ ಬಿಳಿ ಬಟ್ಟೆಯಲ್ಲೇ ಒರೆಸಿಕೊಂಡರು. ಆಕೆಯ ನಗು ಹೇಗಿರುತ್ತದೆಂದು ಎಗೊನ್ ಕೇಳಿದ್ದು ಅದೇ ಮೊದಲು. ಪೂರ್ತಿ ಕೇಳಬೇಕೆಂದು ಕತ್ತು ಹೊರಳಿಸಿದ, ಆದರೆ ಇನ್ನೂ ಒಂಬತ್ತು ಜನ ಸಾಲಿನಲ್ಲಿದ್ದರು, ಎಡಸುತ್ತಿನಲ್ಲಿ ನಡುವೆ ನಿಲ್ಲಲು ಅವನಿಗೆ ಯಾರೂ ಕಲಿಸಿರಲಿಲ್ಲ.