ದೇವಿ ವಾಪಸ್ ಕೊಟ್ಟ ಮಡಿಲಕ್ಕಿ

ಆ ದೇವಿಯ ಗುಡಿಗೆ ನಾವು ಯಾವಾಗ ಹೋದರೂ ಏನಾದರೊಂದು ಆಗಿಯೇ ತೀರುತ್ತದೆ. ಅದು ದೇವಿಯ ತಪ್ಪಲ್ಲ. ಪಾಂಡವರ ಕಾಲದಿಂದ ದೆಹಲಿಯಲ್ಲಿದ್ದಾಳೆ ಅನ್ನುತ್ತಾರೆ. ಅವಳ ಪದ್ಧತಿ ಅವಳಿಗೆ. ಅಮ್ಮನದು ಕರ್ನಾಟಕದಿಂದ ಗಂಟು ಕಟ್ಟಿಕೊಂಡು ತಂದ ಪದ್ಧತಿ. ಇಬ್ಬರ ನಡುವೆ ಹಿಂದಿ ಆಡಬೇಕಾದವಳು ನಾನು. ಹುಟ್ಟಿದ್ದು ಇಲ್ಲೇ, ಹಿಂದಿ ಚೆನ್ನಾಗಿಯೇ ಬರುತ್ತದೆ. ಹೊಸಬರ ಎದುರು ಬಾಯಿ ಏಳುವುದಿಲ್ಲ, ಅಷ್ಟೆ.

ಹೋಗಲು ಶುರು ಮಾಡಿದ್ದು ಅಕ್ಕನಿಗಾಗಿ. ಗುರುಗ್ರಾಮದಲ್ಲಿರುವ ಅಕ್ಕನಿಗೆ ಮೊದಲ ಸಲ ಗರ್ಭ ನಿಲ್ಲಲಿಲ್ಲ. ಎರಡನೇ ಸಲ ಡಾಕ್ಟರು ಹಾಸಿಗೆ ಬಿಟ್ಟು ಏಳಬೇಡಿ ಅಂದರು. ಅವಳು ಮಗುವಿನ ಮಾತೆತ್ತಲು ಯಾರನ್ನೂ ಬಿಡುತ್ತಿರಲಿಲ್ಲ. ಅಮ್ಮ ಒಂದು ಸಣ್ಣ ಟೋಪಿ ಹೊಲಿಯುತ್ತೇನೆಂದರೆ, "ಬೇಡಮ್ಮ, ಹೋದ ಸಲ ಹೊಲಿದಿದ್ದೇ ಇನ್ನೂ ಬೀರುವಿನಲ್ಲಿದೆ" ಅಂದಿದ್ದಳು. ಆಗ ನಮ್ಮ ಆರ್.ಕೆ.ಪುರಂ ಕ್ವಾರ್ಟರ್ಸಿನ ಕೆಳಮನೆ ಆಂಟಿ, ಆ ದೇವಿ ಯಾರ ಮಡಿಲನ್ನೂ ಖಾಲಿ ಬಿಡುವವಳಲ್ಲ ಅಂದರು. ಅಮ್ಮ ಮರುದಿನವೇ ಹೊರಟಳು.

ವಿಳಾಸ

ನಮ್ಮ ಕಡೆ ಅರ್ಚಕರು ಗೋತ್ರ, ನಕ್ಷತ್ರ ಕೇಳಿ ಅರ್ಚನೆ ಮಾಡುತ್ತಾರೆ. ಇಲ್ಲಿ ಯಾರೂ ಏನೂ ಕೇಳುವುದಿಲ್ಲ. ಸಾಲು ಸಾಗುತ್ತಲೇ ಇರುತ್ತದೆ. ಪೂಜಾರಿ ನಮ್ಮ ಹೂವನ್ನು ದೇವಿಗೆ ಮುಟ್ಟಿಸಿ, ಹಣೆಗೆ ಕುಂಕುಮ ಒತ್ತಿ, "ಆಗೇ ಚಲೋ" ಅನ್ನುತ್ತಾರೆ. ಅಮ್ಮ ಮುಂದೆ ಹೋಗಲಿಲ್ಲ. ಗೋತ್ರ ಕೇಳಲಿ ಅಂತ ಕಂಬಿ ಹಿಡಿದು ಕಾದಳು. ಹಿಂದಿನವರು ತಳ್ಳತೊಡಗಿದಾಗ ತಾನೇ ಗಟ್ಟಿಯಾಗಿ, ಕನ್ನಡದಲ್ಲಿ, ಅಕ್ಕನ ಗೋತ್ರ, ನಕ್ಷತ್ರ, ಹೆಸರು, ಕೊನೆಗೆ ಫ್ಲಾಟ್ ನಂಬರನ್ನೂ ಒಂದೇ ಉಸಿರಿಗೆ ಒಪ್ಪಿಸಿದಳು. ಪೂಜಾರಿ ನನ್ನ ಮುಖ ನೋಡಿದರು. ನಾನು ನೆಲ ನೋಡಿದೆ.

ಹೊರಗೆ ಬಂದ ಮೇಲೆ, ಫ್ಲಾಟ್ ನಂಬರ್ ಯಾಕಮ್ಮ ಅಂತ ಕೇಳಿದೆ.

"ಅಲ್ಲಿ ಟವರ್ ಯಾವುದು ಅಂತ ಗೊತ್ತಾಗದೆ ಕೊರಿಯರ್‌ನವನೇ ಅಲೀತಾನೆ. ದೇವಿಗೆ ಹೇಳೋದು ಬೇಡ್ವೇನೇ?"

ಒಡೆಯದ ಕಾಯಿ

ಮುಂದಿನ ಸಲ ಕಾಯಿ ಒಯ್ದಳು. ಪೂಜಾರಿ ಅದನ್ನು ಒಡೆಯಲಿಲ್ಲ. ದೇವಿಗೆ ಮುಟ್ಟಿಸಿ, ಇಡೀ ಕಾಯಿಯನ್ನೇ ವಾಪಸ್ ಕೈಗಿಟ್ಟರು. ಇಲ್ಲಿ ಹಾಗೇ ಅಂತ ನಾನು ಹೇಳಿದ್ದು ಅಮ್ಮನ ಕಿವಿಗೆ ಬೀಳಲಿಲ್ಲ. ಆಟೋದಲ್ಲಿ ಅದನ್ನು ತೊಡೆಯ ಮೇಲಿಟ್ಟುಕೊಂಡು ಕೂತಳು. ಮನೆಗೆ ಬಂದು ದೇವರ ಗೂಡಿನ ಮುಂದಿಟ್ಟು, "ಅವಳು ತಗೊಳ್ಳಲಿಲ್ಲ" ಅಂದಳು. ಕಣ್ಣು ತುಂಬಿತ್ತು.

ಅಪ್ಪ ಜೀವನವಿಡೀ ಕೇಂದ್ರ ಸರ್ಕಾರದ ಕಚೇರಿಯಲ್ಲಿ ಕಳೆದವರು. ಪೇಪರ್ ಮಡಿಸಿಟ್ಟು ಕಾಯಿಯನ್ನು ತಿರುಗಿಸಿ ನೋಡಿದರು.

"ಫೈಲು ಒಳಗೇ ಉಳಿದ್ರೆ ಹೆದರ್ಬೇಕು ಕಣೇ. ಮೇಲಿನವರು ಮುಟ್ಟಿ, ಅದೇ ದಿನ ಕೆಳಗೆ ಕಳಿಸಿದಾರೆ. ನನ್ನ ಸರ್ವಿಸಲ್ಲಿ ನಾನು ಇಂಥದ್ದು ಕಂಡಿಲ್ಲ."

ಅಮ್ಮ ಆ ರಾತ್ರಿ ಊಟ ಮಾಡಿದಳು.

ಮಡಿಲು ಎಲ್ಲಿ

ನವರಾತ್ರಿಯಲ್ಲಿ ಅಮ್ಮ ದೇವಿಗೆ ಮಡಿಲು ತುಂಬಲು ತೀರ್ಮಾನಿಸಿದಳು. ಅಕ್ಕಿ, ಬೆಲ್ಲ, ಕಾಯಿ, ಎಲೆ ಅಡಿಕೆ, ಬಳೆ, ಎಲ್ಲವನ್ನೂ ಹಸಿರು ರವಿಕೆ ಕಣದಲ್ಲಿ ಗಂಟು ಕಟ್ಟಿದಳು. ಎದುರಿಗೆ ಹೋಗಿ ನಿಂತ ಮೇಲೆ ತೊಡಕು ಕಂಡದ್ದು: ಈ ದೇವಿ ಕೆತ್ತಿದ ಮೂರ್ತಿಯಲ್ಲ, ತಾನಾಗಿ ಮೂಡಿದ ಕಲ್ಲು. ಬೆಳ್ಳಿಯ ಕಣ್ಣು, ಸುತ್ತ ಕೆಂಪು ಚುನರಿ. ತೊಡೆ ಇಲ್ಲ, ಸೆರಗಿಲ್ಲ.

"ಮಡಿಲು ಎಲ್ಲಿದೆ, ಕೇಳು" ಅಂತ ಅಮ್ಮ ತಿವಿದಳು.

ಕೇಳಿದೆ. ನನ್ನ ದನಿ ನನಗೇ ಕೇಳಿಸಲಿಲ್ಲ. ಪೂಜಾರಿ ಬಗ್ಗಿ, ಗಂಟನ್ನೂ ನನ್ನನ್ನೂ ನೋಡಿ, ಮಗುವಿಗಾಗಿಯಾ, ಬೇಟಿ, ಅಂತ ಮೆತ್ತಗೆ ಕೇಳಿದರು. ತಲೆಯಾಡಿಸಿದೆ. ಯಾರ ಮಗು ಅಂತ ಅವರು ಕೇಳಲಿಲ್ಲ, ನಾನು ಹೇಳಲಿಲ್ಲ.

"ಝೋಲಿ ಫೈಲಾವೋ" ಅಂದರು. ಮಡಿಲೊಡ್ಡಲು ದುಪಟ್ಟಾ ಹರಡಿದೆ. ಗಂಟನ್ನು ದೇವಿಗೆ ಮುಟ್ಟಿಸಿ ನನ್ನ ದುಪಟ್ಟಾದೊಳಗೇ ಹಾಕಿಬಿಟ್ಟರು. ನಾವು ದೇವಿಯ ಮಡಿಲು ತುಂಬುವವರು. ಇಲ್ಲಿ ದೇವಿಯೇ ನಮ್ಮದನ್ನು ತುಂಬುತ್ತಾಳೆ. ಮುಂದಿನ ವರ್ಷ ಮಗುವನ್ನು ಎತ್ತಿಕೊಂಡು ಬಾ ಅಂತ ಹರಸಿದರು. ಹಿಂದಿನ ಹೆಂಗಸರೆಲ್ಲ ನನ್ನ ತಲೆ ಸವರಿದರು. ಅಮ್ಮ ಅವರ ಕಡೆ ತಿರುಗಿ ಕನ್ನಡದಲ್ಲೇ ಸ್ಪಷ್ಟನೆ ಕೊಟ್ಟಳು:

"ಇವಳಿಗಿನ್ನೂ ಗಂಡು ನೋಡ್ತಾ ಇದೀವಿ."

ಮಹಿಳೆಯರ ಬೋಗಿ

ದೇವಿ ಕೊಟ್ಟಿದ್ದನ್ನು ಕೆಳಗಿಡುವಂತಿಲ್ಲ, ನೇರ ಅಕ್ಕನ ಮಡಿಲಿಗೇ ಹೋಗಬೇಕು ಅಂತ ಅಮ್ಮನ ಆಜ್ಞೆಯಾಯಿತು. ಮೆಟ್ರೋದ ಸ್ಕ್ಯಾನರಿನಲ್ಲಿ ಮಾತ್ರ ಇಡಲೇಬೇಕಾಯಿತು. ಗಂಟು ಆಚೆ ಬರುವವರೆಗೂ ಅಮ್ಮ ಕಣ್ಣು ಮುಚ್ಚಿಕೊಂಡಿದ್ದಳು. ಬೋಗಿಯಲ್ಲಿ ಗಂಟನ್ನು ದುಪಟ್ಟಾದೊಳಗೆ ಹೊಟ್ಟೆಗೆ ಅವುಚಿ ನಿಂತೆ. ಒಬ್ಬ ಹೆಂಗಸು ನೋಡಿ, ಎದ್ದು, ಸೀಟು ಬಿಟ್ಟುಕೊಟ್ಟರು. ಅಲ್ಲ ಅನ್ನಲಾಗದೆ ಕೂತೆ. ಮಂಡಿನೋವಿನ ಅಮ್ಮ ಕಂಬ ಹಿಡಿದು ನಿಂತಳು. ಬಾದಾಮಿ ತಿನ್ನು, ಮೆಟ್ಟಿಲು ಹತ್ತಬೇಡ ಅಂತ ಆಕೆ ಹೇಳುತ್ತಾ ಹೋದರು, ನಾನು ಜೀ ಜೀ ಅನ್ನುತ್ತಾ ಹೋದೆ. ಅಮ್ಮ ನನ್ನ ಕಿವಿಗೆ ಬಾಗಿದಳು.

"ಬೆನ್ನು ಸ್ವಲ್ಪ ಒರಗಿಸ್ಕೋ. ಪಾಪ, ಎದ್ದಿದ್ದಕ್ಕೂ ಸಾರ್ಥಕ ಅನ್ನಿಸ್ಲಿ."

ಇದನ್ನೆಲ್ಲ ಕೇಳಿ ಅಕ್ಕ ಎಷ್ಟೋ ತಿಂಗಳ ಮೇಲೆ ನಕ್ಕಳು. ನಗುತ್ತಲೇ ಹೊಟ್ಟೆ ಹಿಡಿದುಕೊಂಡು ಹೆದರಿ ನಿಲ್ಲಿಸಿದಳು. ಆಮೇಲೆ ಮಲಗಿದ್ದಲ್ಲೇ ದುಪಟ್ಟಾ ಬಿಡಿಸಿದಳು. ನಾನು ಗಂಟನ್ನು ಅದರಲ್ಲಿಟ್ಟೆ. ಕಣದ ಅಂಚನ್ನು ಬೆರಳಲ್ಲಿ ಸವರಿದಳು.

"ಅಮ್ಮ, ಇದರಲ್ಲಿ ಒಂದು ಟೋಪಿ ಆಗುತ್ತಾ?"

ಅಮ್ಮ ಅಡುಗೆಮನೆಗೆ ಹೋಗಿ ನಲ್ಲಿ ಬಿಟ್ಟಳು.

ಮುಂದಿನ ವರ್ಷ

ಹೆಣ್ಣುಮಗು. ಹಸಿರು ಟೋಪಿ ಹಾಕಿ, ಅಕ್ಕನೇ ಎತ್ತಿಕೊಂಡು ಸಾಲಿನಲ್ಲಿ ನಿಂತಳು. ಪಕ್ಕದಲ್ಲಿ ನಾನು. ಅದೇ ಪೂಜಾರಿ. ಹಸಿರನ್ನು ನೋಡಿದರು, ನನ್ನನ್ನು ನೋಡಿದರು, ಮುಖ ಅರಳಿತು. ಅಕ್ಕನ ಕೈಯಿಂದ ಮಗುವನ್ನು ತೆಗೆದುಕೊಂಡು, ದೇವಿಗೆ ಮುಟ್ಟಿಸಿ, ನೇರ ನನ್ನ ದುಪಟ್ಟಾದಲ್ಲಿ ಮಲಗಿಸಿದರು. "ನಾನು ಹೇಳಿರಲಿಲ್ಲವೇ?" ಅಂತ ಇಡೀ ಸಾಲಿಗೆ ಕೇಳುವಂತೆ ಅಂದರು.

ಅಕ್ಕ ದೇವಿಯನ್ನೇ ನೋಡುತ್ತಾ ನಿಂತಿದ್ದಳು. ಕೆನ್ನೆಯ ಮೇಲೆ ನೀರಿಳಿಯುತ್ತಿತ್ತು, ಕೈ ಖಾಲಿ. ಪೂಜಾರಿ ಅವಳನ್ನು ಕಂಡು ಮರುಗಿದರು.

"ರೋನಾ ನಹೀ ಬೇಟಿ," ಅಂದರು. ಅಳಬೇಡ, ಮಾತಾ ನಿನಗೂ ಕೊಡುತ್ತಾಳೆ ಅಂತ ಸಮಾಧಾನ ಮಾಡಿ, ಒಂದು ಇಡೀ ಕಾಯಿಯನ್ನು ಅವಳ ಮಡಿಲಿಗೆ ಹಾಕಿದರು.

ಹೇಳೇ ಅಂತ ಅಕ್ಕ ನನ್ನ ಕಡೆ ತಿರುಗಿದಳು. ಈ ಸಲ ನಾನು ನಿಜವಾಗಿಯೂ ಬಾಯಿ ತೆರೆದೆ. ಅಮ್ಮ ನನ್ನ ಕೈ ಒತ್ತಿದಳು.

"ಸುಮ್ನಿರು. ಎರಡನೇದಕ್ಕೆ ಮತ್ತೆ ಸಾಲು ನಿಲ್ಲೋದು ತಪ್ಪಿತು."