ಉಸಿರಿನ ಯಂತ್ರದ ಆರನೆಯ ಭಾಗ

ದೊಡ್ಡಾಸ್ಪತ್ರೆಯ ಎರಡನೇ ವಾರ್ಡಿನಲ್ಲಿರುವ ಉಸಿರಿನ ಯಂತ್ರವು ಒಟ್ಟು ಆರು ಭಾಗಗಳಿಂದ ಕೂಡಿದೆ. ಒಂದು, ಯಂತ್ರ. ಎರಡು, ಗಾಲಿ ಇರುವ ಸ್ಟ್ಯಾಂಡು. ಮೂರು, ನೀರಿನ ಡಬ್ಬಿ. ನಾಲ್ಕು, ಬಿಸಿ ಕೊಳವೆ. ಐದು, ಮೂಗಿನ ನಳಿಕೆ. ಆರನೆಯ ಭಾಗಕ್ಕೆ ಐವತ್ತೆರಡು ವರ್ಷ ವಯಸ್ಸು, ಮದುವೆಯಾಗಿದೆ, ಚಹಾಕ್ಕೆ ಎರಡು ಚಮಚ ಸಕ್ಕರೆ ಬೇಕು.

ಇದು ಹೇಗೆ ಎಂದು ಆಸ್ಪತ್ರೆಯಲ್ಲಿ ಯಾರೂ ಕೇಳುವುದಿಲ್ಲ. ಹೊರಗಿನವರು ಕೇಳಬಹುದಾದ್ದರಿಂದ ಮೊದಲಿನಿಂದ ಹೇಳುವುದು ಒಳ್ಳೆಯದು.

ಆರನೆಯ ಭಾಗವಾಗುವ ಮೊದಲು ಗಾಳಿಯಣ್ಣ ಬಸ್ ನಿಲ್ದಾಣದ ಎದುರು ಪಂಕ್ಚರ್ ಅಂಗಡಿ ಇಟ್ಟುಕೊಂಡಿದ್ದ. ಗಾಳಿಯಣ್ಣ ಎಂಬುದು ಗಿರಾಕಿಗಳು ಇಟ್ಟ ಹೆಸರು, ಹೆತ್ತವರು ಇಟ್ಟದ್ದಲ್ಲ. ಇಪ್ಪತ್ತಾರು ವರ್ಷ ಊರವರ ಟ್ಯೂಬುಗಳಿಗೆ ಗಾಳಿ ತುಂಬಿದವನ ಎದೆಯಲ್ಲೇ ಒಂದು ದಿನ ಗಾಳಿ ನಿಲ್ಲದಾಯಿತು. ನ್ಯುಮೋನಿಯಾ ಎಂದರು. ನಿಮಿಷಕ್ಕೆ ನಲವತ್ತು ಸಲ ಏದುಸಿರು ಬಿಡುತ್ತಿದ್ದ. ಬೆರಳಿಗೆ ಸಿಕ್ಕಿಸುವ ಒಂದು ಕ್ಲಿಪ್ಪು ಇದೆ. ರಕ್ತದಲ್ಲಿ ಆಮ್ಲಜನಕ ಎಷ್ಟಿದೆ ಎಂದು ಅದು ತೋರಿಸುತ್ತದೆ. ತೊಂಬತ್ತರ ಮೇಲೆ ತೋರಿಸಬೇಕಾದ ಕ್ಲಿಪ್ಪು ಎಂಬತ್ತಮೂರು ತೋರಿಸುತ್ತಿತ್ತು. ಮುಖಕ್ಕೆ ಕಟ್ಟಿದ ಮಾಸ್ಕು ಮುಖಕ್ಕೆ ಕಟ್ಟಿತ್ತು ಅಷ್ಟೇ.

ಅದೇ ಬೆಳಿಗ್ಗೆ ಯಂತ್ರ ರಟ್ಟಿನ ಪೆಟ್ಟಿಗೆಯಲ್ಲಿ ಬಂದಿಳಿಯಿತು. ಅದರ ಕೆಲಸವನ್ನು ಬಿಡಿಸಿ ಹೇಳಬೇಕೆಂದರೆ, ಅದು ಗಾಳಿ ಮತ್ತು ಆಮ್ಲಜನಕವನ್ನು ಬೆರೆಸಿ, ಬೆಚ್ಚಗೆ ಮಾಡಿ, ತೇವ ಸೇರಿಸಿ, ನಿಮಿಷಕ್ಕೆ ಅರವತ್ತು ಲೀಟರಿನವರೆಗೆ ಮೂಗಿನೊಳಗೆ ಬಿಡುತ್ತದೆ. ಮಾಮೂಲಿ ನಳಿಕೆಯಲ್ಲಿ ಬರುವುದು ಐದಾರು ಲೀಟರು, ಅದೂ ಒಣಗಾಳಿ. ಕೈಪಂಪಿಗೂ ಕಂಪ್ರೆಸರಿಗೂ ಇರುವಷ್ಟು ವ್ಯತ್ಯಾಸ. ಇದನ್ನು ಹಾಕಿಕೊಂಡವರು ಮಾತಾಡಬಹುದು, ಊಟ ಮಾಡಬಹುದು, ತಾಕತ್ತಿದ್ದರೆ ಜಗಳವನ್ನೂ ಆಡಬಹುದು. ಡಾಕ್ಟರಮ್ಮ ಯಾರನ್ನೂ ಕೇಳದೆ ಪೆಟ್ಟಿಗೆ ಹರಿದು ಯಂತ್ರವನ್ನು ಗಾಳಿಯಣ್ಣನ ಮೂಗಿಗೆ ಜೋಡಿಸಿಬಿಟ್ಟರು. ಮಧ್ಯಾಹ್ನದ ಹೊತ್ತಿಗೆ ಕ್ಲಿಪ್ಪು ತೊಂಬತ್ತನಾಲ್ಕು ತೋರಿಸಿತು. ಮುಂದೆ ನಡೆದದ್ದಕ್ಕೆಲ್ಲ ಡಾಕ್ಟರಮ್ಮನ ಈ ಆತುರವೇ ಕಾರಣ ಎಂದು ವಿಚಾರಣಾ ವರದಿಯಲ್ಲಿ ದಾಖಲಾಗಿದೆ.

ಏಕೆಂದರೆ ಮೂರು ಗಂಟೆಗೆ ಕಂಪನಿಯ ಇಂಜಿನಿಯರ್ ಯಂತ್ರವನ್ನು ಜೋಡಿಸಲು ಬಂದಾಗ ಅದು ಆಗಲೇ ಜೋಡಣೆಯಾಗಿ ಓಡುತ್ತಿತ್ತು. ಅವನಿಗೆ ಉಳಿದದ್ದು ಫಾರಂ ತುಂಬುವ ಕೆಲಸ ಮಾತ್ರ. ‘ಯಂತ್ರಕ್ಕೆ ಸೇರಿಕೊಂಡಿರುವ ಭಾಗಗಳು’ ಎಂಬ ತಲೆಬರಹದ ಕೆಳಗೆ ಆರು ಸಾಲುಗಳಿದ್ದವು. ಅವನು ಐದು ತುಂಬಿ ಸಹಿ ಹಾಕಲು ಹೋದ.

“ಆರನೇ ಸಾಲು?” ಎಂದರು ಸ್ಟೋರ್‌ಕೀಪರ್. ಮೂವತ್ತು ವರ್ಷದ ಸೇವೆಯಲ್ಲಿ ಅವರು ಒಂದೇ ಒಂದು ಸಾಲನ್ನೂ ಖಾಲಿ ಬಿಟ್ಟವರಲ್ಲ.

“ಇರೋದೇ ಐದು ಭಾಗ ಸಾರ್.”

“ಖಾಲಿ ಬಿಟ್ರೆ ಫಾರಂ ವಾಪಸ್ ಬರುತ್ತೆ. ಗ್ಯಾರಂಟಿ ಸಿಗಲ್ಲ. ಕಣ್ಣು ಬಿಟ್ಟು ನೋಡಪ್ಪಾ, ಇನ್ನೇನು ಸೇರ್ಕೊಂಡಿದೆ?”

ಇಂಜಿನಿಯರ್ ಕಣ್ಣು ಬಿಟ್ಟು ನೋಡಿದ. ಕೊಳವೆಯ ಒಂದು ತುದಿ ಯಂತ್ರಕ್ಕೆ ಸೇರಿತ್ತು, ಇನ್ನೊಂದು ತುದಿ ಗಾಳಿಯಣ್ಣನಿಗೆ. ನಾಲ್ಕು ಗಂಟೆಯ ಬಸ್ಸು ಹಿಡಿಯಬೇಕಾಗಿದ್ದ ಅವನು “ರೋಗಿ, ಒಂದು” ಎಂದು ಬರೆದ. ಆಮೇಲೆ ಪ್ರತಿ ಭಾಗಕ್ಕೂ ಗ್ಯಾರಂಟಿ ಸ್ಟಿಕ್ಕರ್ ಅಂಟಿಸಿದ. ಸ್ಟಿಕ್ಕರನ್ನು ಸಮತಟ್ಟಾದ, ಒಣಗಿದ, ಎದ್ದು ಕಾಣುವ ಜಾಗದಲ್ಲಿ ಅಂಟಿಸಬೇಕೆಂದು ನಿಯಮ. ಗಾಳಿಯಣ್ಣನಲ್ಲಿ ಅಂಥ ಜಾಗ ಹಣೆಯೊಂದೇ ಇತ್ತು. ಬೆವರು ಒರೆಸಿ ಅಲ್ಲೇ ಅಂಟಿಸಿದ.

ಏಳನೇ ದಿನ ಡಾಕ್ಟರಮ್ಮ ಯಂತ್ರ ನಿಲ್ಲಿಸಿ, ಎದೆಗೆ ಸ್ಟೆತಾಸ್ಕೋಪ್ ಇಟ್ಟು ಕೇಳಿ, “ಹೊರಡಿ ಅಣ್ಣಾ ಮನೆಗೆ” ಎಂದರು. ಹೆಂಡತಿ ಬಟ್ಟೆಯ ಚೀಲ ಹಿಡಿದುಕೊಂಡು ಬಂದಳು. ಗಾಳಿಯಣ್ಣನಿಗೆ ಬೇಕಾಗಿದ್ದದ್ದು ದೊಡ್ಡದೇನಲ್ಲ: ತನ್ನ ಮಂಚ, ತನ್ನ ದಿಂಬು, ಪಕ್ಕದಲ್ಲಿ ಇವಳ ಗೊಣಗಾಟ. ವಾರ್ಡಿನ ಬಾಗಿಲಲ್ಲಿ ಸ್ಟೋರ್‌ಕೀಪರ್ ಕೈ ಅಡ್ಡ ಹಿಡಿದರು.

“ಎಲ್ಲಿಗೆ ಯಜಮಾನ್ರೇ? ಪಟ್ಟಿಯಲ್ಲಿರೋ ಭಾಗ ಬೇರ್ಪಡಿಸಿದ್ರೆ ಗ್ಯಾರಂಟಿ ರದ್ದು. ಗ್ಯಾರಂಟಿ ಮೂರು ವರ್ಷ ಇದೆ.”

“ಭಾಗ ಅಲ್ಲ ಸಾರ್, ನಾನು ಮನುಷ್ಯ.”

“ಮನುಷ್ಯ ಅಲ್ಲ ಅಂತ ಯಾರು ಹೇಳಿದ್ರು? ಮನುಷ್ಯನೇ. ಆರನೇ ಸಾಲಿನ ಮನುಷ್ಯ.”

“ಮೂಗಿನ ನಳಿಕೆನ ರೋಗಿ ಬದಲಾದಾಗೆಲ್ಲ ಬದಲಾಯಿಸ್ತೀರಂತಲ್ಲ. ಅದೂ ಪಟ್ಟಿಯಲ್ಲಿದೆ.”

“ಅದು ಬಳಸಿ ಬಿಸಾಡೋ ವಸ್ತು. ನಿಮ್ಮನ್ನ ಬಿಸಾಡೋಕಾಗುತ್ತಾ? ಅಷ್ಟು ಕಟುಕರಾ ನಾವು?”

ಹೆಂಡತಿ ಗಂಡನ ಹಣೆ ನೋಡಿದಳು. “ಹಣೆಬರಹ ಹಣೆಬರಹ ಅಂತಿದ್ರಲ್ಲ, ಈಗ ಅಚ್ಚಾಗಿ ಬಂದಿದೆ ನೋಡಿ” ಎಂದು ಚೀಲ ಕೆಳಗಿಟ್ಟಳು.

ವಿಷಯ ದೊಡ್ಡ ಸಾಹೇಬರವರೆಗೆ ಹೋಯಿತು. ದೊಡ್ಡ ಸಾಹೇಬರು ಎಂದರೆ ಇಡೀ ಆಸ್ಪತ್ರೆಗೆ ಮುಖ್ಯಸ್ಥರು. ಮೃದು ಸ್ವಭಾವದವರು, ಯಾವ ಕಾಗದಕ್ಕೂ ಇಲ್ಲ ಎಂದವರಲ್ಲ. ಅವರು ಕಂಪನಿಗೆ ಪತ್ರ ಬರೆದರು. ಆರನೆಯ ಭಾಗ ಕೆಟ್ಟಿದ್ದರೆ ಉಚಿತವಾಗಿ ಬೇರೆ ಕಳುಹಿಸುತ್ತೇವೆ, ಕೆಡದಿದ್ದರೆ ತೆಗೆಯಬಾರದು ಎಂದು ಉತ್ತರ ಬಂತು. ಸಾಹೇಬರು ಗಂಡಹೆಂಡಿರನ್ನು ಕರೆಸಿದರು.

“ನೋಡಪ್ಪಾ, ನೀನು ಕೆಟ್ಟಿದ್ದೀಯಾ?”

“ಡಾಕ್ಟರಮ್ಮ ಪೂರ್ತಿ ಗುಣ ಆಗಿದೆ ಅಂದಿದ್ದಾರೆ ಸಾರ್.”

“ಛೆ, ಎಡವಟ್ಟಾಯ್ತಲ್ಲ.”

“ಕೆಟ್ಟಿದ್ದಾರೆ ಸಾಹೇಬ್ರೇ,” ಎಂದಳು ಹೆಂಡತಿ. “ಮದುವೆ ಆದಾಗಿಂದ ಹೇಳ್ತಾನೇ ಇದ್ದೀನಿ.”

“ಬಳಕೆಯಿಂದ ಕೆಟ್ಟಿದ್ರೆ ನಡೆಯಲ್ಲಮ್ಮಾ. ತಯಾರಿಕೆಯಲ್ಲೇ ದೋಷ ಇರಬೇಕು.”

“ಇತ್ತು. ಆದ್ರೆ ಅದನ್ನ ಕೇಳೋಣ ಅಂದ್ರೆ ನಮ್ಮತ್ತೆ ಈಗಿಲ್ಲ.”

ಸಾಹೇಬರು ಒಂದು ಸಮಿತಿ ರಚಿಸಿದರು. ಅದು ತಿಂಗಳಿಗೊಂದು ಗುರುವಾರ ಸೇರುತ್ತದೆ. ‘ನಾನು ಭಾಗವಲ್ಲ’ ಎಂದು ಗಾಳಿಯಣ್ಣ ಅದಕ್ಕೆ ಅರ್ಜಿ ಹಾಕಿದ. ಅರ್ಜಿ ವಿಚಾರಣೆಯಲ್ಲಿ ಇರುವವರೆಗೆ ಅವನು ಭಾಗವೋ ಅಲ್ಲವೋ ಎಂಬುದು ಅನಿಶ್ಚಿತವಾದ್ದರಿಂದ ಯಂತ್ರವನ್ನು ಮುಟ್ಟಬಾರದೆಂದು ಆಜ್ಞೆಯಾಯಿತು. ಅವನನ್ನು ಮುಟ್ಟಬಾರದೆಂದು ಇರಲಿಲ್ಲ. ಮೊದಲು ಸ್ಟೋರ್‌ಕೀಪರ್ ತಮ್ಮ ಸ್ಕೂಟರಿನ ಹಿಂದಿನ ಚಕ್ರ ತಂದರು. ಆಮೇಲೆ ಸಾಹೇಬರ ಕಾರಿನ ಸ್ಟೆಪ್ನಿ ಬಂತು. ಆಸ್ಪತ್ರೆಯ ಹಿತದೃಷ್ಟಿಯಿಂದ ಎಂದು ಅಡುಗೆಯವರ, ಕಾವಲಿನವರ, ಕೊನೆಗೆ ಸಮಿತಿಯ ಐವರು ಸದಸ್ಯರ ಚಕ್ರಗಳೂ ಗಾಳಿಯಣ್ಣನ ನಾಲ್ಕನೇ ಮಂಚಕ್ಕೆ ಒರಗಿ ನಿಂತವು. ಟ್ಯೂಬನ್ನು ಅದ್ದಿ ಗುಳ್ಳೆ ನೋಡಲು ವಾರ್ಡಿನವರೇ ಒಂದು ಬೇಸಿನ್ ಕೊಟ್ಟರು. ಇಷ್ಟಾದ ಮೇಲೆ ಸಮಿತಿಗೆ ಅವಸರ ಉಳಿಯಲಿಲ್ಲ ಎಂದು ಕೆಲವರು ಆಡಿಕೊಂಡರು. ಅದಕ್ಕೆ ಆಧಾರವಿಲ್ಲ, ಸಮಿತಿಗೆ ಮೊದಲೂ ಅವಸರ ಇರಲಿಲ್ಲ.

ಹೀಗಿರುವಾಗ ಒಂದು ಮಂಗಳವಾರ ಬೆಳಿಗ್ಗೆ ಐದನೇ ಮಂಚಕ್ಕೆ ಒಬ್ಬ ಟೀಚರಮ್ಮನನ್ನು ತಂದು ಮಲಗಿಸಿದರು. ಅವರಿಗೂ ನ್ಯುಮೋನಿಯಾ. ಮಾಸ್ಕಿನೊಳಗೆ ಅವರು ಒಂದೊಂದು ಉಸಿರಿಗೂ ಭುಜ ಎತ್ತುತ್ತಿದ್ದರು. ಆ ಸದ್ದು ಗಾಳಿಯಣ್ಣನಿಗೆ ಗೊತ್ತು. ಸಣ್ಣ ತೂತಿನ ಟ್ಯೂಬಿಗೆ ಎಷ್ಟು ಹೊಡೆದರೂ ನಿಲ್ಲದ ಗಾಳಿಯ ಸದ್ದು ಅದು. ಎರಡು ತಿಂಗಳ ಹಿಂದೆ ತನ್ನ ಎದೆಯಿಂದಲೇ ಕೇಳಿದ್ದು. ಕ್ಲಿಪ್ಪು ಎಂಬತ್ತಾರು ಎಂದಿತು. ಸ್ವಲ್ಪ ಹೊತ್ತಿಗೆ ಎಂಬತ್ತನಾಲ್ಕು.

“ಯಂತ್ರ ಬೇಕು. ಈಗಲೇ,” ಎಂದರು ಡಾಕ್ಟರಮ್ಮ.

ಸ್ಟೋರ್‌ಕೀಪರ್ ಫೈಲು ತೆರೆದರು. ಅವರು ಕೆಟ್ಟವರಲ್ಲ, ದಾರಿ ಇದೆಯೇ ಎಂದು ಹಾಳೆಗಳನ್ನು ಎರಡು ಸಲ ತಿರುವಿದರು. “ಇದು ಅನಿಶ್ಚಿತ ಯಂತ್ರ ಮೇಡಂ. ಇವರು ಭಾಗ ಅಲ್ಲ ಅಂತಾದ್ರೆ ಯಂತ್ರ ಅಪೂರ್ಣ. ಅಪೂರ್ಣ ಯಂತ್ರನ ರೋಗಿಗೆ ಹಾಕೋ ಹಾಗಿಲ್ಲ. ಭಾಗ ಹೌದು ಅಂತಾದ್ರೆ ಪೂರ್ಣ ಯಂತ್ರ. ಆಗ ಟೀಚರಮ್ಮ ಬರೀ ಬಳಕೆದಾರರು. ಬಳಕೆದಾರರು ಎಷ್ಟು ಜನ ಬೇಕಾದ್ರೂ ಬರಬಹುದು, ಹೋಗಬಹುದು.”

“ಭಾಗ ಹೌದೋ ಅಲ್ವೋ ಯಾವಾಗ ಗೊತ್ತಾಗುತ್ತೆ?”

“ಮುಂದಿನ ಗುರುವಾರ ಅಲ್ಲ, ಅದರ ಮುಂದಿಂದು.”

“ಅಷ್ಟರಲ್ಲಿ ಟೀಚರಮ್ಮ ಇರಲ್ಲ ರೀ!”

“ಅಥವಾ,” ಎಂದು ಸ್ಟೋರ್‌ಕೀಪರ್ ನೆಲ ನೋಡುತ್ತ ಹೇಳಿದರು, “ಇವರೇ ಅರ್ಜಿ ವಾಪಸ್ ತಗೊಂಡು, ನಾನು ಭಾಗ ಅಂತ ಬರ್ಕೊಟ್ರೆ ಈ ಕ್ಷಣಾನೇ ಆಗುತ್ತೆ.”

ಗಾಳಿಯಣ್ಣ ಹೆಂಡತಿಯ ಕಡೆ ನೋಡಿದ. ಅವಳು ಆಗಷ್ಟೇ ಊಟದ ಡಬ್ಬಿ ತಂದಿದ್ದಳು. ಬರೆದುಕೊಟ್ಟರೆ ಮೂರು ವರ್ಷ ಮನೆಯಿಲ್ಲ ಎಂಬುದು ಇಬ್ಬರಿಗೂ ಗೊತ್ತಿತ್ತು. ಕ್ಲಿಪ್ಪು ಎಂಬತ್ತೊಂದು ಎಂದಿತು.

“ನನ್ನ ಮುಖ ಏನು ನೋಡ್ತೀರಿ? ನನ್ನ ಮುಖದಲ್ಲಿ ಪೆನ್ ಇದೆಯಾ?” ಎಂದಳು ಅವಳು. ಮತ್ತೆ ಸ್ಟೋರ್‌ಕೀಪರ್ ಕಡೆ ತಿರುಗಿ, “ಕೊಡಿ ಸಾರ್ ಪೆನ್ನು. ಆ ತಾಯಿ ಒದ್ದಾಡ್ತಿದ್ದಾರೆ.”

ಗಾಳಿಯಣ್ಣ ಬರೆದ: ‘ನಾನು ಈ ಯಂತ್ರದ ಆರನೆಯ ಭಾಗವಾಗಿದ್ದು, ಸುಸ್ಥಿತಿಯಲ್ಲಿದ್ದೇನೆ.’

ಡಾಕ್ಟರಮ್ಮ ಹೊಸ ನಳಿಕೆ ಹಾಕಿ ಯಂತ್ರ ಶುರು ಮಾಡಿದರು. ಗಾಳಿಯಣ್ಣ ನಿಯಮದ ಪ್ರಕಾರ ಸ್ಟ್ಯಾಂಡಿನ ಪಕ್ಕ ಸ್ಟೂಲು ಹಾಕಿಕೊಂಡು ಕೂತ. ಸಂಜೆಯೊಳಗೆ ಟೀಚರಮ್ಮನ ಭುಜಗಳು ಕೆಳಗಿಳಿದವು. ಎಂಟನೇ ದಿನ ಅವರು ಮನೆಗೆ ಹೊರಟು, ಬಾಗಿಲಲ್ಲಿ ನಿಂತು, ಇವರನ್ನೂ ಬಿಡಿ ಎಂದು ಸಾಹೇಬರನ್ನು ಬೇಡಿಕೊಂಡರು. ಭಾಗಗಳ ವಿಷಯದಲ್ಲಿ ಬಳಕೆದಾರರು ಮೂಗು ತೂರಿಸುವಂತಿಲ್ಲ ಎಂದು ಸಾಹೇಬರು ಮೃದುವಾಗಿ ತಿಳಿಸಿದರು.

ಆಮೇಲೆ ಬಳಕೆದಾರರು ಬಂದರು, ಹೋದರು. ಎಲ್ಲರೂ ಉಳಿದರೆಂದಲ್ಲ, ಆದರೆ ಬಹಳ ಜನ ಉಳಿದರು. ಕೊಳವೆಯಲ್ಲಿ ಎಲ್ಲಾದರೂ ಗಾಳಿ ಸೋರಿದರೆ ಯಂತ್ರ ಕೂಗುವ ಮೊದಲೇ ಗಾಳಿಯಣ್ಣನ ಕಿವಿಗೆ ಗೊತ್ತಾಗುತ್ತಿತ್ತು. ನೀರಿನ ಡಬ್ಬಿ ಒಣಗುವ ಮೊದಲೇ ದಾದಿಯರನ್ನು ಕೂಗುತ್ತಿದ್ದ. ಮೂರು ತಿಂಗಳಿಗೊಮ್ಮೆ ಇಂಜಿನಿಯರ್ ಬಂದು ಐದು ಭಾಗಗಳ ಧೂಳು ಒರೆಸಿ, ಆರನೆಯದಕ್ಕೆ ನಮಸ್ಕಾರ ಮಾಡಿ, ಹಣೆಗೆ ಹೊಸ ಸ್ಟಿಕ್ಕರ್ ಅಂಟಿಸುತ್ತಿದ್ದ.

ಮನೆಯ ದಾರಿಯನ್ನು ಕಂಡುಹಿಡಿದವಳು ಹೆಂಡತಿ. ಕೆಟ್ಟ ಭಾಗವನ್ನು ರಿಪೇರಿಗೆ ಹೊರಗೆ ಕಳುಹಿಸಬಹುದು ಎಂದು ಗ್ಯಾರಂಟಿ ಕಾರ್ಡಿನ ಹಿಂಬದಿಯಲ್ಲಿ ಸಣ್ಣಕ್ಷರದಲ್ಲಿತ್ತು. ಅವಳು ಅದನ್ನು ಸ್ಟೋರ್‌ಕೀಪರ್ ಮುಂದೆ ಹಿಡಿದಳು.

“ಏನು ಕೆಟ್ಟಿದೆ ಅಂತ ಬರೀಲಿ?”

“ಮನೆ ನೆನಪು ಅಂತ ಬರೀರಿ.”

“ಪಟ್ಟಿಯಲ್ಲಿ ಅದಿಲ್ಲಮ್ಮಾ. ಸೋರಿಕೆ ಇದೆ, ಅತಿಯಾದ ಬಿಸಿ ಇದೆ, ಅಸಹಜ ಶಬ್ದ ಇದೆ.”

ಗಾಳಿಯಣ್ಣ ಸ್ಟೂಲಿನ ಮೇಲಿಂದ ಉದ್ದವಾಗಿ ನಿಟ್ಟುಸಿರು ಬಿಟ್ಟ. “ಅಸಹಜ ಶಬ್ದ,” ಎಂದು ಸ್ಟೋರ್‌ಕೀಪರ್ ಬರೆದುಕೊಂಡರು.

ಅಂದಿನಿಂದ ಪ್ರತಿ ಶನಿವಾರ ಮಧ್ಯಾಹ್ನ ಯಂತ್ರದ ಆರನೆಯ ಭಾಗದಲ್ಲಿ ಅಸಹಜ ಶಬ್ದ ಕಾಣಿಸಿಕೊಳ್ಳತೊಡಗಿತು. ಸೋಮವಾರ ವಾಪಸಾಗುವವರೆಗೆ ಯಂತ್ರವನ್ನು ಪೂರ್ಣವೆಂದೇ ಭಾವಿಸತಕ್ಕದ್ದು ಎಂದು ಸಾಹೇಬರು ಆದೇಶಿಸಿದರು. ಹೀಗೆ ಭಾವಿಸುವುದು ಮೊದಲೂ ಸಾಧ್ಯವಿತ್ತಲ್ಲ ಎಂದು ಯಾರೂ ಕೇಳಲಿಲ್ಲ. ಗಾಳಿಯಣ್ಣನ ಮನೆ ಅಧಿಕೃತ ಸೇವಾ ಕೇಂದ್ರವಾಯಿತು. ಸೋಮವಾರ ಹೆಂಡತಿ ರಿಪೇರಿಯ ವರದಿ ಕೊಡಬೇಕು. ಮೊದಲ ವರದಿ ಇಂದಿಗೂ ಫೈಲಿನಲ್ಲಿದೆ: ‘ನಾಲ್ಕು ಸಲ ಊಟ ಹಾಕಲಾಗಿದೆ. ಎರಡು ಸಲ ಬೈಯಲಾಗಿದೆ. ಶಬ್ದ ನಿಂತಿದೆ. ಗೊರಕೆ ಮೊದಲಿನಿಂದಲೂ ಇದ್ದದ್ದು, ಅದಕ್ಕೆ ಕೇಂದ್ರ ಹೊಣೆಯಲ್ಲ.’

ಹೀಗೆ ಮೂರು ವರ್ಷ ಮುಗಿಯಿತು. ಗ್ಯಾರಂಟಿ ಮುಗಿದ ದಿನ ಹೆಂಡತಿ ಅದೇ ಬಟ್ಟೆಯ ಚೀಲ ಹಿಡಿದು ಬಂದಳು. ಸ್ಟೋರ್‌ಕೀಪರ್ ಗ್ಯಾರಂಟಿ ಮುಂದುವರಿಸುವ ಹೊಸ ಫಾರಂ ಹಿಡಿದು ನಿಂತಿದ್ದರು. ಎಲ್ಲ ಭಾಗಗಳೂ ಇದ್ದರೆ ಮಾತ್ರ ಮುಂದುವರಿಕೆ. ನಾಲ್ಕನೇ ಮಂಚದಲ್ಲಿ ಒಬ್ಬ ಮುದುಕ ನಳಿಕೆಯಲ್ಲಿ ಉಸಿರಾಡುತ್ತ, ಎಲ್ಲರ ಮುಖವನ್ನೂ ಒಂದೊಂದಾಗಿ ನೋಡುತ್ತಿದ್ದ.

“ಈಗ ನೀವು ಸ್ವತಂತ್ರರು ಯಜಮಾನ್ರೇ. ಬಲವಂತ ಇಲ್ಲ,” ಎಂದರು ಸ್ಟೋರ್‌ಕೀಪರ್.

ಗಾಳಿಯಣ್ಣ ಏಳಲು ಹೋದ. ಕೊಳವೆಯ ಕೀಲಿನಲ್ಲಿ ಎಲ್ಲೋ ಸಣ್ಣಗೆ ಸುಸ್ ಎಂದಿತು. ಅವನು ಬಗ್ಗಿ ಅದನ್ನು ಬಿಗಿ ಮಾಡಿ, ಹಾಗೇ ಕೂತುಬಿಟ್ಟ.

“ಬರ್ಕೊಳ್ಳಿ ಸಾರ್,” ಎಂದಳು ಹೆಂಡತಿ. “ನನಗೆ ಗೊತ್ತಿತ್ತು. ಶನಿವಾರ ಮಾತ್ರ ತಪ್ಪಿಸಬೇಡಿ.”

ಸ್ಟೋರ್‌ಕೀಪರ್ ಆರು ಸಾಲನ್ನೂ ತುಂಬಿದರು. ಆಮೇಲೆ ಅವರ ಪೆನ್ನು ನಿಂತಿತು. ಕಂಪನಿಯು ಫಾರಂ ಅನ್ನು ಸುಧಾರಿಸಿತ್ತು. ಅದರಲ್ಲೀಗ ಏಳು ಸಾಲುಗಳಿದ್ದವು.

ಅವರು ತಲೆ ಎತ್ತಿದರು. ಸುತ್ತ ನೋಡಿದರು. ಹೆಂಡತಿ ಒಂದು ಕೈಯಲ್ಲಿ ಡಬ್ಬಿ, ಇನ್ನೊಂದರಲ್ಲಿ ಚೀಲ ಹಿಡಿದು ಸ್ಟ್ಯಾಂಡಿಗೆ ಒರಗಿಕೊಂಡು ನಿಂತಿದ್ದಳು. ಒರಗಿಕೊಂಡು ಎಂದರೆ, ಸೇರಿಕೊಂಡು.

“ಏಳನೇ ಭಾಗಕ್ಕೂ ಸ್ಟೂಲು ಕೊಡ್ತೀರಾ?” ಎಂದು ಅವಳು ಕೇಳಿದಳು.

“ಸ್ಟೂಲಿಗೆ ಬೇರೆ ಅರ್ಜಿ ಹಾಕಬೇಕಮ್ಮಾ.”

“ಸರಿ ಬಿಡಿ.” ಅವಳು ಚೀಲ ಕೆಳಗಿಟ್ಟಳು. “ಸ್ವಲ್ಪ ಆ ಕಡೆ ಸರೀರಿ,” ಎಂದು ಗಂಡನ ಸ್ಟೂಲಿನ ಅರ್ಧಕ್ಕೆ ಕೂತು, ಅಂಗೈಯಿಂದ ಹಣೆಯ ಬೆವರು ಒರೆಸಿಕೊಂಡು, ಸ್ಟಿಕ್ಕರಿಗಾಗಿ ಮುಖ ಎತ್ತಿದಳು.