ಮೂರು ಲೈಸೆನ್ಸು, ಒಬ್ಬ ಮಾವ

ಮಹಡಿ ಮನೆಯ ಟೀಚರಮ್ಮ ಅಡುಗೆಮನೆಗೆ ಹೋದದ್ದೇ ತಡ, ಗಡಿಯಾರ ರಿಪೇರಿಯವನು ಅವರ ಲ್ಯಾಪ್‌ಟಾಪಿನ ಮೇಲೆ ಬಾಗಿ ‘ಲೈಸೆನ್ಸ್ ಹಿಂದಿರುಗಿಸಿ’ ಎಂಬಲ್ಲಿಗೆ ಬೆರಳು ಒಯ್ದ.

“ಅಯ್ಯೋ, ಧೂಳು ಒರೆಸ್ತಿದ್ದೀರಾ? ಎಂಥ ಒಳ್ಳೆ ಜೀವ ರೀ ನಿಮ್ದು!” ಟೀಚರಮ್ಮ ಕಾಫಿ ಹಿಡಿದು ಬಾಗಿಲಲ್ಲೇ ನಿಂತಿದ್ದರು. “ನೀವು ಆಟ ಹಾಕ್ಕೊಟ್ಟ ಮೇಲೇ ನೋಡಿ, ಸೆಟೆದುಕೊಂಡಿದ್ದ ಈ ಬೆರಳುಗಳು ಮಡಚೋಕೆ ಶುರುವಾಗಿದ್ದು.”

ಅವನು ಅಂಗಿಯ ತೋಳಿನಿಂದ ಕೀಲಿಮಣೆ ಒರೆಸತೊಡಗಿದ.

ಅವನ ಪೆನ್‌ಡ್ರೈವಿನಲ್ಲಿ ನಲವತ್ತು ಆಟಗಳಿದ್ದವು. ಯಾವ ಕಂಪ್ಯೂಟರಿಗೆ ಚುಚ್ಚಿದರೂ ತೆರೆದುಕೊಳ್ಳುತ್ತಿದ್ದವು. ಲೈಸೆನ್ಸ್ ಮಾತ್ರ ಮೂರೇ; ಒಂದು ಸಲಕ್ಕೆ ಮೂರು ಕಂಪ್ಯೂಟರಿನಲ್ಲಷ್ಟೇ ಆಡಬಹುದಿತ್ತು. ಒಂದನ್ನಿಟ್ಟುಕೊಂಡು ಉಳಿದೆರಡನ್ನು ಟೀಚರಮ್ಮನಿಗೂ ಕೆಳಗಿನ ಮನೆಯ ಟೈಲರನಿಗೂ ಕೊಟ್ಟು ಆರು ತಿಂಗಳಿಂದ ಹೊಗಳಿಸಿಕೊಳ್ಳುತ್ತಿದ್ದ. ಇವತ್ತು ಒಂದು ವಾಪಸ್ಸು ಬೇಕಿತ್ತು. ಮದುವೆಯಾದಾಗಿನಿಂದ, ಮೂರು ವರ್ಷ, ಅವನೊಂದಿಗೆ ಮಾತುಬಿಟ್ಟಿದ್ದ ಮಾವ ಸಂಜೆ ಬರುವವರಿದ್ದರು. ಅವರಿಗೆ ಚೆಸ್ಸಿನ ಹುಚ್ಚು. ಅವರ ಲ್ಯಾಪ್‌ಟಾಪಿಗೊಂದು ಲೈಸೆನ್ಸ್ ಹಾಕಿಕೊಟ್ಟರೆ ಅವರು ಅಲ್ಲಿಂದ, ಇವನು ಇಲ್ಲಿಂದ ಆಡಬಹುದು. ಆಡುತ್ತಾ ಆಡುತ್ತಾ ಒಂದು ಮಾತೂ ಹೊರಟೀತು.

ಇವನನ್ನು ಕಂಡದ್ದೇ ಟೈಲರ್ ಹೊಲಿಗೆ ನಿಲ್ಲಿಸಿ ಎದ್ದ.

“ಬನ್ನಿ ಅಣ್ಣಾ! ನಿಮ್ಮ ಆಟ ಹಿಡಿದ ಮೇಲೆ ಒಂದೇ ಒಂದು ಸಿಗರೇಟು ಮುಟ್ಟಿಲ್ಲ. ನನ್ನ ಹೆಂಡ್ತಿ ದಿನಾ ನಿಮ್ಮನ್ನೇ ನೆನೆಸ್ಕೋತಾಳೆ.”

“ಅದೇ... ಆ ಲೈಸೆನ್ಸು...”

“ಮೊನ್ನೆ ಕರೆಂಟಿಲ್ಲದೆ ಒಂದು ಗಂಟೆ ಆಡ್ಲಿಲ್ಲ ನೋಡಿ, ಸಿಗರೇಟಂಗಡಿವರೆಗೂ ಹೋಗಿ ವಾಪಸ್ ಬಂದೆ! ಏನೋ ಹೇಳ್ತಿದ್ರಲ್ಲ?”

“ಚೆನ್ನಾಗಿ ನಡೀತಿದೆ ತಾನೆ ಅಂತ ಕೇಳೋಕೆ ಬಂದೆ.”

ಟೈಲರನ ಕಣ್ಣು ತುಂಬಿತು. ಪುಕ್ಕಟೆ ಅಂಗಿ ಹೊಲಿದುಕೊಡುತ್ತೇನೆಂದು ಅಳತೆಗೆ ನಿಲ್ಲಿಸಿಯೇಬಿಟ್ಟ. ಇವನು ಹ್ಯಾಂಗರಿಗೆ ತೂಗುಹಾಕಿದ ಕೋಟಿನಂತೆ ಕೈಚಾಚಿ ನಿಂತ.

“ನಿಮ್ದನ್ನೇ ಕೊಟ್ಬಿಡಿ ಮತ್ತೆ,” ಎಂದಳು ಅವನ ಹೆಂಡತಿ, ಬರಿಗೈಲಿ ಮನೆಗೆ ಬಂದವನಿಗೆ. “ನೀವು ಟೀಚರಮ್ಮನ ಮನೇಲಿ ಕೂತು ಆಡಿದ್ರಾಯ್ತು.”

ಸಂಜೆ ಮಾವ ಬರುವ ಮೊದಲೇ ತನ್ನದನ್ನು ಬಿಟ್ಟುಕೊಟ್ಟ.

ಮಾವ ಅಚ್ಚುಕೂಟದಲ್ಲಿ ಮೂವತ್ತು ವರ್ಷ ಕರಡು ತಿದ್ದಿದವರು. ಪೆನ್‌ಡ್ರೈವ್ ಚುಚ್ಚಿದ ಕೂಡಲೇ ಅವರ ಪರದೆಯ ಮೇಲೆ ಆಟದ ಕಂಪನಿಯ ಷರತ್ತುಗಳು ಬಂದವು. ಲೋಕವೆಲ್ಲ ಕಣ್ಣುಮುಚ್ಚಿ ದಾಟುವ ಜಾಗ ಅದು. ಮಾವ ಕನ್ನಡಕ ಹಾಕಿಕೊಂಡರು. ಮೊದಲ ಪುಟ ಓದಿದರು. ಎರಡನೆಯದನ್ನೂ ಓದಿದರು. ಮುಕ್ಕಾಲು ಗಂಟೆಯಾದ ಮೇಲೆ ತಲೆಯೆತ್ತಿದರು.

“ಬಹಳ ಉಪಕಾರವಾಯ್ತು, ಅಳಿಯಂದಿರೇ. ಕೆಲಸ ಬಿಟ್ಟ ಮೇಲೆ ಇಷ್ಟು ಮನಸ್ಸಿಟ್ಟು ಓದೋ ಅಂಥದ್ದು ಯಾರೂ ಕೊಟ್ಟಿರಲಿಲ್ಲ.”

ಮೂರು ವರ್ಷಕ್ಕೆ ಮೊದಲ ಮಾತು! ಅಳಿಯ ಕುರ್ಚಿಯನ್ನು ಅವರ ಹತ್ತಿರಕ್ಕೆ ಎಳೆದುಕೊಂಡ.

“ಮೂವತ್ತೊಂದನೇ ಪುಟದಲ್ಲಿ, ಕಂಪನಿಯವರು ಕಾರಣಾನೇ ಹೇಳದೆ ಯಾವತ್ತು ಬೇಕಾದ್ರೂ ಎಲ್ಲಾ ಕಿತ್ಕೋಬಹುದು ಅಂತಿದೆ. ಇದಕ್ಕೆ ನೀವು ಒಪ್ಪಿದ್ರಾ?”

“ಹೂಂ ಮಾವ.”

“ಓದಿ?”

ಅಳಿಯ ಗೋಡೆಗಡಿಯಾರ ನೋಡಿದ.

“ನಾನು ಮದುವೆಗೆ ಮುಂಚೇನೇ ಹೇಳಿದ್ದೆ,” ಎಂದು ಮಾವ ಮಗಳಿಗೆ ಹೇಳಿ, ಕನ್ನಡಕ ಸರಿಮಾಡಿಕೊಂಡು, ‘ಒಪ್ಪುವುದಿಲ್ಲ’ ಎಂಬುದನ್ನು ಒತ್ತಿದರು.